ಹಫ್ತಾ ಕೊಟ್ಟವರೂ ನಮ್ಮವರೇ

ಕೆನಡಾದ ಸರ್ರೆ, ಬ್ರಾಂಪ್ಟನ್ ನಗರಗಳ ಪಂಜಾಬಿ ವ್ಯಾಪಾರಿಗಳಿಗೆ ಕೆಲವು ವರ್ಷಗಳಿಂದ ವಾಟ್ಸ್ಆ್ಯಪ್‌ನಲ್ಲಿ ಕರೆ ಬರುತ್ತಿದೆ. ಕೇಳಿದಷ್ಟು ಡಾಲರ್ ಕೊಡದಿದ್ದರೆ ಮನೆಯ ಬಾಗಿಲಿಗೋ ಅಂಗಡಿಯ ಗಾಜಿಗೋ ಗುಂಡು. 2025ರ ಜುಲೈನಲ್ಲಿ ಸರ್ರೆಯಲ್ಲಿ ಹಾಸ್ಯನಟ ಕಪಿಲ್ ಶರ್ಮಾ ಅವರ ಕೆಫೆ ತೆರೆದ ಕೆಲವೇ ದಿನಗಳಲ್ಲಿ ಅದರ ಮೇಲೆ ಗುಂಡು ಹಾರಿತು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಕೆನಡಾ ಸರ್ಕಾರ ಇಂಥ ಸುಲಿಗೆಯ ಆರೋಪ ಹೊತ್ತ ಬಿಷ್ಣೋಯ್ ಗ್ಯಾಂಗನ್ನು ಭಯೋತ್ಪಾದಕ ಸಂಘಟನೆಗಳ ಪಟ್ಟಿಗೆ ಸೇರಿಸಿತು. ನಮ್ಮ ಟಿವಿಗಳಲ್ಲಿ ಇದೆಲ್ಲ ಭಾರತ-ಕೆನಡಾ ಜಗಳದ ಇನ್ನೊಂದು ಕಂತಾಗಿ ಬಂದು ಹೋಯಿತು. ಬೆದರಿಸಿದವನೂ ಬೆದರಿದವನೂ ಒಂದೇ ಸೀಮೆಯಿಂದ ಹೋದವರು ಎಂಬ ಮಾತನ್ನು ಯಾರೂ ಎತ್ತಿಕೊಳ್ಳಲಿಲ್ಲ.

ಆ ಸುದ್ದಿಯಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಅದೇ. ನಾನು ಕುಂದಾಪುರ ಕಡೆಯವನು. ಹಗಲು ಮುಂಬೈಯ ಹೋಟೆಲೊಂದರ ಗಲ್ಲೆಯಲ್ಲಿ ಕೂತು, ರಾತ್ರಿ ಶಾಲೆಯಲ್ಲಿ ಓದಿ, ಆಮೇಲೆ ನಮ್ಮ ಕರಾವಳಿಯ ಹೋಟೆಲಿಗರ ಲೆಕ್ಕಪತ್ರ, ತೆರಿಗೆ ನೋಡಿಕೊಳ್ಳುತ್ತ ಬದುಕು ಕಟ್ಟಿಕೊಂಡವನು. ಮಾಟುಂಗ, ಸಯನ್, ಚೆಂಬೂರು, ಘಾಟ್‌ಕೋಪರ್, ಅಂಧೇರಿ ಎಂದು ಲೋಕಲ್ ರೈಲಿನಲ್ಲಿ ಫೈಲು ಹೊತ್ತು ತಿರುಗಿದವನು. ಭೂಗತ ಲೋಕವನ್ನು ಸಿನಿಮಾದವರು ಪಿಸ್ತೂಲಿನಲ್ಲಿ ತೋರಿಸುತ್ತಾರೆ. ನಾನು ಅದನ್ನು ನೋಡಿದ್ದು ಲೆಕ್ಕದ ಪುಸ್ತಕದ ಸಾಲುಗಳಲ್ಲಿ.

ಪ್ರತಿ ತಿಂಗಳ ಫೈಲಿನಲ್ಲಿ ರಶೀದಿ ಇಲ್ಲದ ಒಂದು ಖರ್ಚು ಇದ್ದೇ ಇರುತ್ತಿತ್ತು. ಒಬ್ಬರ ಪುಸ್ತಕದಲ್ಲಿ ಅದು ‘ಪಾತ್ರೆ ಕಲಾಯಿ’, ಇನ್ನೊಬ್ಬರದರಲ್ಲಿ ‘ಗ್ರೈಂಡರ್ ರಿಪೇರಿ’, ಮತ್ತೊಬ್ಬರದರಲ್ಲಿ ‘ಗಣಪತಿ ವಂತಿಗೆ’. ಹಬ್ಬ ವರ್ಷಕ್ಕೊಂದು, ವಂತಿಗೆ ಮಾತ್ರ ತಿಂಗಳು ತಿಂಗಳೂ. ಇದೇನೆಂದು ಕೇಳಿದರೆ ಮಾಲೀಕರು ಗಿರಾಕಿಗಳ ಕಡೆ ಕಣ್ಣು ತಿರುಗಿಸಿ, ‘ಬರ್ಕಣಿ ಮಾರಾಯ್ರೆ’ ಎನ್ನುತ್ತಿದ್ದರು. ಅಷ್ಟು ಹೇಳಿದರೆ ಅದು ಗ್ಯಾಂಗಿನವರಿಗೆ ಕೊಟ್ಟ ಹಫ್ತಾ ಎಂದು ನನಗೆ ಗೊತ್ತಾಗುತ್ತಿತ್ತು. ಬೆಳಿಗ್ಗೆ ನಾಲ್ಕಕ್ಕೆ ಎದ್ದು ಹಿಟ್ಟು ರುಬ್ಬಿಸಿ, ರಾತ್ರಿ ಹನ್ನೊಂದಕ್ಕೆ ಶಟರ್ ಎಳೆಯುವ ಮನುಷ್ಯ, ತಾನು ಕಳೆದುಕೊಂಡ ಹಣವನ್ನು ತನ್ನದೇ ಪುಸ್ತಕದಲ್ಲಿ ಕದ್ದು ಬರೆಯಬೇಕಿತ್ತು.

ಕಾನೂನು ಇದಕ್ಕೆ ಮತ್ತೊಂದು ಪೆಟ್ಟು ಸೇರಿಸಿತು. ಆದಾಯ ತೆರಿಗೆ ಕಾಯ್ದೆಯ 37ನೇ ಕಲಮಿಗೆ 1998ರಲ್ಲಿ ಒಂದು ವಿವರಣೆ ಬಂತು. ಅಪರಾಧವೆನಿಸುವ ಅಥವಾ ಕಾನೂನು ನಿಷೇಧಿಸಿದ ಉದ್ದೇಶಕ್ಕೆ ಮಾಡಿದ ಖರ್ಚನ್ನು ವ್ಯಾಪಾರದ ಖರ್ಚೆಂದು ಒಪ್ಪುವುದಿಲ್ಲ, ಅದೂ 1962ರ ಏಪ್ರಿಲ್ 1ರಿಂದಲೇ ಎಂದು ಅದು ಹೇಳಿತು. ಆ ವರ್ಷದ ಡಿಸೆಂಬರ್‌ನಲ್ಲಿ ನೇರ ತೆರಿಗೆಗಳ ಮಂಡಳಿ ಹೊರಡಿಸಿದ 772ನೇ ಸುತ್ತೋಲೆ ಇದನ್ನು ಬಿಡಿಸಿ ಹೇಳುವಾಗ ರಕ್ಷಣೆಯ ಹಣ, ಸುಲಿಗೆ, ಲಂಚ ಇವುಗಳ ಸಾಲಿನಲ್ಲಿ ‘ಹಫ್ತಾ’ ಎಂಬ ಹೆಸರನ್ನೂ ಬರೆದಿದೆ. ಸುತ್ತೋಲೆ ಓದಿದ ದಿನ ನಾನು ಬಹಳ ಹೊತ್ತು ಸುಮ್ಮನೆ ಕೂತಿದ್ದೆ. ಹಫ್ತಾ ಇದೆ ಎಂದು ಸರ್ಕಾರಕ್ಕೆ ಗೊತ್ತಿತ್ತು; ಅಚ್ಚು ಹಾಕಿಸುವಷ್ಟು ಚೆನ್ನಾಗಿ ಗೊತ್ತಿತ್ತು. ಪಡೆದವನನ್ನು ಹಿಡಿಯುವ ಮೊದಲು ಕೊಟ್ಟವನಿಗೆ ಅದರ ಮೇಲೆ ತೆರಿಗೆ ಬಿತ್ತು. ನಿಯಮದ ತರ್ಕವನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಲಂಚ ಕೊಟ್ಟು ಕೆಲಸ ಮಾಡಿಸಿಕೊಂಡವನನ್ನೂ ಪ್ರಾಣಭಯಕ್ಕೆ ಹಣ ತೆತ್ತವನನ್ನೂ ಒಂದೇ ಸಾಲಿನಲ್ಲಿ ನಿಲ್ಲಿಸಿದ್ದು ಅನ್ಯಾಯ.

ಪೊಲೀಸರ ಬಳಿ ಏಕೆ ಹೋಗಲಿಲ್ಲ ಎಂದು ಇಂದಿನ ಹುಡುಗರು ಕೇಳುತ್ತಾರೆ. ಹೋಟೆಲಿಗನ ಕೈ ಹಲವು ಕಡೆ ಕಟ್ಟಿತ್ತು. ಈಟಿಂಗ್ ಹೌಸ್ ಪರವಾನಗಿ ಪೊಲೀಸರದ್ದು, ಆರೋಗ್ಯದ್ದು ಮಹಾನಗರ ಪಾಲಿಕೆಯದ್ದು, ಅಗ್ನಿಶಾಮಕ, ತೂಕ-ಅಳತೆ, ಅಂಗಡಿ ಕಾಯ್ದೆ ಎಲ್ಲವೂ ಬೇರೆ ಬೇರೆ ಬಾಗಿಲು. ಬಹಳ ಜನ ‘ಕಂಡಕ್ಟಿಂಗ್’ ಮೇಲೆ ನಡೆಸುತ್ತಿದ್ದರು; ಜಾಗ ಒಬ್ಬರದು, ಲೈಸೆನ್ಸ್ ಅವರ ಹೆಸರಿನಲ್ಲಿ, ದುಡಿಯುವವನು ನಮ್ಮವನು. ಠಾಣೆಗೆ ಹೋದರೆ ಮೊದಲು ಬಿಚ್ಚಿಕೊಳ್ಳುವುದು ತನ್ನದೇ ಕಾಗದಪತ್ರ. ಅದಕ್ಕೂ ಮೊದಲೇ ನಮ್ಮವರ ನಂಬಿಕೆ ಮುರಿದಿತ್ತು. 1966ರಲ್ಲಿ ಶಿವಸೇನೆ ಹುಟ್ಟಿದಾಗ ಅದರ ಮೊದಲ ಸಿಟ್ಟು ದಕ್ಷಿಣದವರ ಮೇಲೆ. 1969ರ ಫೆಬ್ರುವರಿಯಲ್ಲಿ ಗಡಿ ವಿವಾದದ ಗಲಭೆ ಎದ್ದಾಗ ಉಡುಪಿ ಹೋಟೆಲುಗಳಿಗೆ ಕಲ್ಲು ಬಿದ್ದವು. ಆಗ ಕಾಪಾಡದ ಠಾಣೆ ಈಗ ಕಾಪಾಡುತ್ತದೆಂದು ಯಾರೂ ನಂಬಲಿಲ್ಲ. ಆ ಖಾಲಿ ಜಾಗಕ್ಕೆ ‘ನಾನಿದ್ದೇನೆ’ ಎಂದು ಬಂದವನು ಮುಂದೆ ಬಿಲ್ಲು ಕಳಿಸತೊಡಗಿದ.

ಮುಂಬೈಯಲ್ಲಿ ಹೀಗೆ ಖಾಲಿ ಜಾಗ ತುಂಬಿದವರ ಸಾಲು ದೊಡ್ಡದು. ಕರೀಂ ಲಾಲಾ ಅಫ್ಘಾನಿಸ್ತಾನದ ಕಡೆಯಿಂದ ಬಂದ ಪಠಾಣ. ಹಾಜಿ ಮಸ್ತಾನ್ ರಾಮನಾಥಪುರದ ಕಡೆಯವನು, ಬಂದರಿನಲ್ಲಿ ಮೂಟೆ ಹೊತ್ತವನು. ವರದರಾಜನ್ ಮುದಲಿಯಾರ್ ತೂತ್ತುಕುಡಿಯವನು, ವಿ.ಟಿ. ನಿಲ್ದಾಣದ ಕೂಲಿ. ಮೂವರೂ ವಲಸೆ ಬಂದವರು. ಇವರಿಗೆ ಬಂಡವಾಳ ಒದಗಿಸಿದ್ದು ಸರ್ಕಾರದ ನಿಷೇಧಗಳು. 1949ರ ಪಾನನಿಷೇಧ ಕಾಯ್ದೆಯಿಂದ ಧಾರಾವಿ, ಆಂಟಾಪ್ ಹಿಲ್ ಕಡೆಯ ಕಳ್ಳಭಟ್ಟಿಗಳಿಗೆ ಮಾರುಕಟ್ಟೆ ಸಿಕ್ಕಿತು. ಚಿನ್ನದ ಆಮದಿಗೆ ಬಿಗಿ ಮಾಡಿದಾಗ ಬಂದರಿನ ಕಳ್ಳಸಾಗಣೆ ಕೊಬ್ಬಿತು. 1982ರ ಜನವರಿಯಲ್ಲಿ ದತ್ತಾ ಸಾಮಂತರ ನಾಯಕತ್ವದಲ್ಲಿ ಸುಮಾರು ಎರಡೂವರೆ ಲಕ್ಷ ಗಿರಣಿ ಕಾರ್ಮಿಕರು ಮುಷ್ಕರ ಹೂಡಿದರು. ಮಿಲ್ಲುಗಳು ಒಂದೊಂದಾಗಿ ಮುಚ್ಚಿದವು, ಕೆಲಸ ಕಳೆದುಕೊಂಡ ಮನೆಗಳ ಹುಡುಗರು ಗ್ಯಾಂಗುಗಳಿಗೆ ಸಿಕ್ಕರು. ತೊಂಬತ್ತರ ದಶಕದ ಮೊದಲಲ್ಲಿ ಚಿನ್ನದ ಆಮದು ಸಡಿಲವಾಗಿ ಕಳ್ಳಸಾಗಣೆಯ ಲಾಭ ಕರಗಿತು. ಅಲ್ಲಿಂದ ಗ್ಯಾಂಗುಗಳು ಬಿಲ್ಡರ್, ಸಿನಿಮಾದವರು, ಬಾರ್ ಮತ್ತು ಹೋಟೆಲಿನವರ ಮೇಲೆ ಬಿದ್ದವು. ಸಂಗೀತ ಉದ್ಯಮಿ ಗುಲ್ಶನ್ ಕುಮಾರ್ ಅವರನ್ನು 1997ರ ಆಗಸ್ಟ್ 12ರಂದು ಅಂಧೇರಿಯಲ್ಲಿ ದೇವಸ್ಥಾನದ ಎದುರೇ ಕೊಂದ ಮೇಲೆ ನನ್ನ ಕಕ್ಷಿದಾರರ ‘ಗ್ರೈಂಡರ್ ರಿಪೇರಿ’ ಇದ್ದಕ್ಕಿದ್ದಂತೆ ಏರಿತು. ಆ ಏರಿಕೆಯನ್ನು ನಾನೇ ಕೂಡಿ ಬರೆದಿದ್ದೇನೆ.

ವರದರಾಜನ್ ಧಾರಾವಿಯಲ್ಲಿ ಪಂಚಾಯ್ತಿ ಮಾಡುತ್ತಿದ್ದ. ತಮಿಳರ ಗುಡಿಸಲಿನ ಜಗಳ, ಬಾಡಿಗೆ, ಮದುವೆ ಮುರಿದ ವಿಚಾರ ಎಲ್ಲವೂ ಅವನೆದುರು ಬರುತ್ತಿದ್ದವು. ಕೋರ್ಟಿಗೆ ಅಲೆದು ಮುಗಿಯದ, ಠಾಣೆಯಲ್ಲಿ ಮಾತು ತಿಳಿಯದ ಬಡವರಿಗೆ ಅವನು ಅವರ ಮಾತಿನಲ್ಲಿ ತೀರ್ಪು ಕೊಟ್ಟ. 1988ರಲ್ಲಿ ಅವನು ಸಾಯುವ ಮೊದಲೇ, 1987ರಲ್ಲಿ, ಅವನ ಬದುಕಿನ ನೆರಳಿರುವ ‘ನಾಯಕನ್’ ಸಿನಿಮಾ ಬಂದಿತ್ತು. ಆ ಚಿತ್ರದ ಕಲೆಯ ಬಗ್ಗೆ ನನಗೆ ಗೌರವವಿದೆ. ಆದರೆ ಅವನ ಸಾರಾಯಿಯಿಂದ ಮುಳುಗಿದ ಸಂಸಾರಗಳೂ ತಮಿಳರವೇ ಎಂಬುದನ್ನು ಮರೆತು ನಾಯಕನ ಕತೆ ಹೇಳಲಾಗದು.

ನಮ್ಮವರಿಗೆ ಬರುತ್ತಿದ್ದ ಕರೆಗಳ ಭಯ ಬೇರೆಯೇ ಬಗೆಯದು. ತೊಂಬತ್ತರ ದಶಕದ ಕೊನೆಯಲ್ಲಿ ಒಬ್ಬ ಹೋಟೆಲಿಗರ ಮನೆಯಲ್ಲಿ ನಾನು ರಿಟರ್ನ್ಸ್ ಕಾಗದ ಹರಡಿಕೊಂಡಿದ್ದಾಗ ಫೋನ್ ಬಂತು. ಆ ಕಡೆಯವನು ತುಳುವಿನಲ್ಲಿ ಮಾತಾಡಿದ. ಮೊದಲು ಅಮ್ಮನ ಮಂಡಿನೋವು ಹೇಗಿದೆ ಎಂದ. ಆಮೇಲೆ ಊರಿನಲ್ಲಿ ಕಟ್ಟಿಸುತ್ತಿರುವ ಮನೆಗೆ ಹಂಚು ಬಂತಾ ಎಂದ. ಮಗಳ ನಿಶ್ಚಿತಾರ್ಥದ ದಿನವೂ ಅವನಿಗೆ ಗೊತ್ತಿತ್ತು. ಹಣದ ಮಾತು ಬಂದದ್ದು ಕೊನೆಗೆ, ಒಂದೇ ವಾಕ್ಯದಲ್ಲಿ. ಫೋನ್ ಇಟ್ಟ ಮೇಲೆ ಆ ಮನುಷ್ಯ ಹೆಂಡತಿಗೆ ಏನೂ ಹೇಳಲಿಲ್ಲ, ನನಗೆ ಚಹ ತರಿಸಿದರು. ಅವರ ಕೈ ಕಪ್ಪಿನ ಮೇಲೆ ನಿಲ್ಲುತ್ತಿರಲಿಲ್ಲ. ಬೇರೆ ಭಾಷೆಯ ರೌಡಿಗೆ ಅಂಗಡಿಯ ವಿಳಾಸ ಮಾತ್ರ ತಿಳಿದಿರುತ್ತದೆ. ಊರಿನವನಿಗೆ ತೋಟ, ಮನೆ, ತಾಯಿ, ಮಗಳು ಎಲ್ಲ ಗೊತ್ತು. ವಲಸಿಗರ ನಡುವಿನ ಸುಲಿಗೆಗೆ ಬಂಡವಾಳ ಈ ಪರಿಚಯವೇ.

ನೂರಕ್ಕೂ ಹೆಚ್ಚು ವರ್ಷದ ಹಿಂದೆ ನ್ಯೂಯಾರ್ಕಿನ ಇಟಾಲಿಯನ್ನರಿಗೂ ಹೀಗೇ ಆಗಿತ್ತು. ಹಳ್ಳಿಗಳಿಂದ ಹಡಗು ಹತ್ತಿ ಬಂದು ಹಣ್ಣಿನ ಅಂಗಡಿ, ಕ್ಷೌರದಂಗಡಿ ಇಟ್ಟವರಿಗೆ ಕಾಗದ ಬರುತ್ತಿತ್ತು. ಕೆಳಗೆ ಕಪ್ಪು ಕೈಯ ಚಿತ್ರ, ಜೊತೆಗೆ ಕಠಾರಿ, ಶವಪೆಟ್ಟಿಗೆ. ಕೊಡದವನ ಅಂಗಡಿಗೆ ಬಾಂಬು, ಇಲ್ಲವೇ ಮಗುವಿನ ಅಪಹರಣ. ‘ಬ್ಲ್ಯಾಕ್ ಹ್ಯಾಂಡ್’ ಎಂದರೆ ಆಗ ಒಂದು ಸಂಘಟನೆಯೂ ಆಗಿರಲಿಲ್ಲ, ಯಾವ ಪುಂಡನೂ ಎತ್ತಿಕೊಳ್ಳಬಹುದಾದ ವಿಧಾನ ಅದು. 1910ರಲ್ಲಿ ಜಗತ್ಪ್ರಸಿದ್ಧ ಗಾಯಕ ಎನ್ರಿಕೊ ಕರೂಸೊಗೂ ಅಂಥ ಪತ್ರ ಬಂತು. ನಗರದ ಪೊಲೀಸರಲ್ಲಿ ಐರಿಷ್ ಮೂಲದವರೇ ಹೆಚ್ಚು. ಇಟಾಲಿಯನ್ ಮಾತು ಅವರಿಗೆ ಬಾರದು, ಆ ಜನರ ಬಗ್ಗೆ ಗೌರವವೂ ಇರಲಿಲ್ಲ.

ಈ ಗೋಡೆ ಒಡೆದವನು ಜೋಸೆಫ್ ಪೆಟ್ರೊಸಿನೊ. ದಕ್ಷಿಣ ಇಟಲಿಯ ಪಾದುಲಾದಲ್ಲಿ 1860ರಲ್ಲಿ ಹುಟ್ಟಿ, ಹುಡುಗನಾಗಿದ್ದಾಗಲೇ ಅಮೆರಿಕಕ್ಕೆ ಬಂದು, 1883ರಲ್ಲಿ ಪೊಲೀಸ್ ಇಲಾಖೆ ಸೇರಿದ. ತನ್ನ ಜನರ ಮಾತು ಬಲ್ಲ ಬೆರಳೆಣಿಕೆಯ ಪೊಲೀಸರನ್ನು ಕಟ್ಟಿಕೊಂಡು ಇಟಾಲಿಯನ್ ಪಡೆ ನಡೆಸಿದ. ಕೂಲಿಯವನ ವೇಷ ಹಾಕಿ ಬೀದಿಗಳಲ್ಲಿ ತಿರುಗಿದ, ದೂರು ಕೊಡಲು ಹೆದರುವವರ ಮನೆಗೆ ತಾನೇ ಹೋದ. 1909ರಲ್ಲಿ ಸಿಸಿಲಿಗೆ ಹೋದದ್ದು, ಅಲ್ಲಿ ಶಿಕ್ಷೆಯಾಗಿ ಅಮೆರಿಕಕ್ಕೆ ಪರಾರಿಯಾದವರ ದಾಖಲೆ ತರಲು. ಗುಟ್ಟಾಗಿರಬೇಕಿದ್ದ ಈ ಪ್ರವಾಸ ನ್ಯೂಯಾರ್ಕಿನ ಪತ್ರಿಕೆಯಲ್ಲಿ ಬಂದುಬಿಟ್ಟಿತು. ಮಾರ್ಚ್ 12ರ ರಾತ್ರಿ ಪಲೆರ್ಮೊ ನಗರದ ಪಿಯಾತ್ಸಾ ಮರೀನಾದಲ್ಲಿ ಅವನನ್ನು ಗುಂಡಿಟ್ಟು ಕೊಂದರು. ನ್ಯೂಯಾರ್ಕಿನಲ್ಲಿ ನಡೆದ ಅವನ ಶವಯಾತ್ರೆಗೆ ಎರಡು ಲಕ್ಷಕ್ಕೂ ಹೆಚ್ಚು ಜನ ಸೇರಿದರು. ಇಟಾಲಿಯನ್ನರೆಲ್ಲ ಮಾಫಿಯಾದವರು ಎಂದು ಇಂದಿಗೂ ನಗೆಯಾಡುವವರು ಈ ಒಂದು ದಿನವನ್ನು ನೆನಪಿಟ್ಟುಕೊಳ್ಳಬೇಕು.

ಹಾಗೆ ಇಡೀ ಜನಾಂಗವನ್ನೇ ದೂಷಿಸಿದರೆ ಏನಾಗುತ್ತದೆ ಎಂಬುದಕ್ಕೂ ಅಮೆರಿಕದಲ್ಲೇ ಸಾಕ್ಷಿಯಿದೆ. 1890ರಲ್ಲಿ ನ್ಯೂ ಆರ್ಲಿಯನ್ಸ್‌ನ ಪೊಲೀಸ್ ಮುಖ್ಯಸ್ಥ ಡೇವಿಡ್ ಹೆನೆಸಿಯ ಕೊಲೆಯಾಯಿತು. ಇಟಾಲಿಯನ್ನರನ್ನು ಹಿಡಿದರು. ವಿಚಾರಣೆಗೆ ಒಳಗಾದವರಲ್ಲಿ ಯಾರ ಮೇಲೂ ಆರೋಪ ಸಾಬೀತಾಗಲಿಲ್ಲ. ಮರುದಿನ, 1891ರ ಮಾರ್ಚ್ 14ರಂದು, ಗುಂಪು ಜೈಲಿಗೆ ನುಗ್ಗಿ 11 ಜನರನ್ನು ಕೊಂದಿತು. ನಗರದ ಮೇಯರ್ ಕ್ಷಮೆ ಕೇಳಿದ್ದು 2019ರಲ್ಲಿ. ಜೈಲಿನೊಳಗೂ ಜೀವಕ್ಕೆ ಕಾವಲಿಲ್ಲ ಎಂದು ಕಂಡುಕೊಂಡ ಜನ ಕಪ್ಪು ಕೈಯ ಪತ್ರ ಬಂದಾಗ ಠಾಣೆಗೆ ಹೋಗುತ್ತಾರೆಯೇ?

ಇನ್ನು ಇಂಥವರಿಗೇ ಸಿಗುವ ಉಪಕಾರಿಯ ಪಟ್ಟದ ಮಾತು. ನ್ಯೂಯಾರ್ಕಿನ ಚೈನಾಟೌನ್‌ನಲ್ಲಿ ಸಿಸ್ಟರ್ ಪಿಂಗ್ ಎಂದು ಹೆಸರಾಗಿದ್ದ ಚೆಂಗ್ ಚುಯಿ ಪಿಂಗ್, ಫುಜಿಯಾನ್ ಪ್ರಾಂತದ ಹಳ್ಳಿಯಿಂದ ಬಂದವಳು. ಸಣ್ಣ ಅಂಗಡಿಯಿಟ್ಟುಕೊಂಡೇ ತನ್ನ ಸೀಮೆಯ ಜನರನ್ನು ಕಳ್ಳದಾರಿಯಲ್ಲಿ ಕರೆಸಿಕೊಳ್ಳುವ, ಅವರ ಸಂಪಾದನೆಯನ್ನು ಊರಿಗೆ ಮುಟ್ಟಿಸುವ ಜಾಲ ಕಟ್ಟಿದಳು. ಫುಕ್ ಚಿಂಗ್ ಎಂಬ ಗ್ಯಾಂಗಿನವರು ಮೊದಲು ಅವಳ ಮನೆಯನ್ನೇ ದೋಚಿದ್ದರು, ಆಮೇಲೆ ಅವಳೇ ಅವರನ್ನು ಕೆಲಸಕ್ಕೆ ಹಚ್ಚಿದಳು. 1993ರ ಜೂನ್ 6ರಂದು ಅವಳ ಹಣವೂ ಇದ್ದ ‘ಗೋಲ್ಡನ್ ವೆಂಚರ್’ ಹಡಗು 286 ಜನರನ್ನು ಹೊತ್ತು ನ್ಯೂಯಾರ್ಕಿನ ಕಡಲತೀರದ ಮರಳಿಗೆ ಸಿಕ್ಕಿಕೊಂಡಿತು. ನೀರಿಗೆ ಹಾರಿದವರಲ್ಲಿ 10 ಜನ ಸತ್ತರು. 2006ರಲ್ಲಿ ಅವಳಿಗೆ 35 ವರ್ಷ ಶಿಕ್ಷೆಯಾಯಿತು, 2014ರಲ್ಲಿ ಜೈಲಿನಲ್ಲೇ ತೀರಿಕೊಂಡಳು. ಅವಳನ್ನು ಪುಣ್ಯಾತ್ಗಿತ್ತಿ ಎನ್ನುವವರು ಆ ಸಮುದಾಯದಲ್ಲಿ ಇಂದಿಗೂ ಇದ್ದಾರೆ. ದಾಟಿ ಬಂದು ನೆಲೆಯೂರಿದವರು ಹಾಗೆ ಹೇಳುತ್ತಾರೆ. ಆ ಮರಳಿನ ಮೇಲೆ ಹೆಣವಾದವರ ಮನೆಯವರನ್ನು ಕೇಳುವವರಿಲ್ಲ.

ನಮ್ಮಲ್ಲೂ ಇದು ನಡೆದಿದೆ, ನಾನು ಕಣ್ಣಾರೆ ನೋಡಿದ್ದೇನೆ. ಕರಾವಳಿಯ ಒಂದು ಊರಿನ ದೇವಸ್ಥಾನದ ಬ್ರಹ್ಮಕಲಶೋತ್ಸವಕ್ಕೆ ಸಮಿತಿಯವರು ಲೆಕ್ಕ ನೋಡಲು ನನ್ನನ್ನು ಕೇಳಿದರು. ದಾನಿಗಳ ಪಟ್ಟಿಯಲ್ಲಿ ಒಂದು ದೊಡ್ಡ ಮೊತ್ತದ ಎದುರು ಹೆಸರಿರಲಿಲ್ಲ, ‘ಮುಂಬೈಯ ಭಕ್ತರು’ ಎಂದಿತ್ತು. ಹಣ ಯಾರದೆಂದು ಎಲ್ಲರಿಗೂ ಗೊತ್ತಿತ್ತು. ಅದೇ ವರ್ಷ ಅದೇ ಮನುಷ್ಯನ ಕಡೆಯವರಿಗೆ ಹಣ ತೆತ್ತ ಇಬ್ಬರು ಹೋಟೆಲಿಗರ ಪುಸ್ತಕ ನನ್ನ ಬಳಿ ಇತ್ತು, ಇಬ್ಬರೂ ಅದೇ ಊರಿನವರು. ಹೆಸರು, ವಿಳಾಸ, ಪ್ಯಾನ್ ಸಂಖ್ಯೆ ಬರೆಯದೆ ನಾನು ಸಹಿ ಹಾಕುವುದಿಲ್ಲ ಎಂದೆ. ಸಮಿತಿಯವರು ಬೇರೆಯವರನ್ನು ಹುಡುಕಿಕೊಂಡರು. ಉತ್ಸವದ ದಿನ ಪೇಟೆಯ ತುಂಬ ಬ್ಯಾನರ್ ಕಟ್ಟಿದ್ದರು, ‘ಕೊಡುಗೈ ದಾನಿ’ಗೆ ಸ್ವಾಗತ ಕೋರಿ. ಸುಲಿಗೆಗೊಳಗಾದ ಇಬ್ಬರೂ ಮುಂದಿನ ಸಾಲಿನಲ್ಲಿ ಕೂತು ಚಪ್ಪಾಳೆ ತಟ್ಟಿದರು. ಅವರ ಮೇಲೆ ನನಗೆ ಸಿಟ್ಟಿಲ್ಲ. ಅವರಿಂದ ಕಿತ್ತ ಹಣಕ್ಕೆ ಅವರ ಕೈಯಲ್ಲೇ ಚಪ್ಪಾಳೆ ತಟ್ಟಿಸಿದ ಊರಿನ ಮೇಲೆ ಸಿಟ್ಟಿದೆ.

ಮಲ್ಪೆ ಮೂಲದ ರವಿ ಪೂಜಾರಿಯನ್ನು 2019ರ ಜನವರಿಯಲ್ಲಿ ಸೆನೆಗಲ್‌ನಲ್ಲಿ ಬಂಧಿಸಿ, 2020ರ ಫೆಬ್ರುವರಿಯಲ್ಲಿ ಬೆಂಗಳೂರಿಗೆ ಕರೆತಂದಾಗಲೂ ಚಾನೆಲ್‌ಗಳಲ್ಲಿ ಚರ್ಚೆಯಾದದ್ದು ಅವನ ಗಡ್ಡ, ಅವನ ಪಾಸ್‌ಪೋರ್ಟ್, ಅವನು ಆಫ್ರಿಕದಲ್ಲಿ ಹೇಗಿದ್ದ ಎಂಬುದು. ಅವನ ಹೆಸರಿನಲ್ಲಿ ಬಂದ ಕರೆಗಳಿಗೆ ಹೆದರಿ ನಿದ್ದೆ ಬಿಟ್ಟವರನ್ನು ಕೂರಿಸಿ ಮಾತಾಡಿಸಿದ್ದು ನಾನು ನೋಡಲಿಲ್ಲ. ಪ್ರಕರಣಗಳ ತೀರ್ಮಾನ ಕೋರ್ಟಿನದು. ನನ್ನ ಮಾತು ನಮ್ಮ ಕುತೂಹಲ ಯಾರ ಕಡೆಗಿದೆ ಎಂಬುದರ ಬಗ್ಗೆ.

ಎನ್‌ಕೌಂಟರ್‌ಗಳಿಂದಲೇ ಮುಂಬೈ ಸರಿಹೋಯಿತು ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಗುಂಡಿನಿಂದ ಒಬ್ಬ ಸತ್ತರೆ ಮರುವಾರ ಇನ್ನೊಬ್ಬನ ಕರೆ ಬರುತ್ತಿತ್ತು, ನನ್ನ ಪುಸ್ತಕಗಳಲ್ಲಿ ಮೊತ್ತ ಇಳಿಯುತ್ತಿರಲಿಲ್ಲ. 2006ರ ಒಂದು ನಕಲಿ ಎನ್‌ಕೌಂಟರ್ ಪ್ರಕರಣದಲ್ಲಿ ಹೆಸರಾಂತ ‘ಎನ್‌ಕೌಂಟರ್’ ಅಧಿಕಾರಿಯೊಬ್ಬರಿಗೆ ಬಾಂಬೆ ಹೈಕೋರ್ಟ್ 2024ರ ಮಾರ್ಚ್‌ನಲ್ಲಿ ಜೀವಾವಧಿ ಶಿಕ್ಷೆ ವಿಧಿಸಿದ್ದನ್ನೂ ನೆನಪಿಡಬೇಕು. ವ್ಯತ್ಯಾಸ ತಂದದ್ದು ಮಹಾರಾಷ್ಟ್ರದ 1999ರ ಸಂಘಟಿತ ಅಪರಾಧ ನಿಯಂತ್ರಣ ಕಾಯ್ದೆ, ಅಂದರೆ ಮೋಕಾ. ಫೋನ್ ಸಂಭಾಷಣೆಯನ್ನು ಸಾಕ್ಷ್ಯವಾಗಿ ಒಪ್ಪುವುದು, ಸಾಕ್ಷಿಯ ಹೆಸರು, ವಿಳಾಸ ಗುಟ್ಟಾಗಿಡುವುದು ಅದರಲ್ಲಿತ್ತು. ಆ ಕಾಯ್ದೆಯ ಕಠಿಣ ಕಲಮುಗಳ ದುರುಪಯೋಗವೂ ಆಗಿದೆ, ಅದನ್ನು ಮುಚ್ಚಿಡಬೇಕಿಲ್ಲ. ಆದರೆ ಹೆಸರು ಹೊರಗೆ ಬರುವುದಿಲ್ಲ ಎಂದು ಖಾತ್ರಿಯಾದ ಮೇಲೆಯೇ ನನ್ನ ಕಕ್ಷಿದಾರರಲ್ಲಿ ಕೆಲವರು ಮೊದಲ ಸಲ ಠಾಣೆಯ ಮೆಟ್ಟಿಲು ಹತ್ತಿದರು.

ಇದನ್ನೆಲ್ಲ ಈಗ ಬರೆಯಲು ಕಾರಣ ಮುಂಬೈಯೂ ಅಲ್ಲ, ಕೆನಡಾವೂ ಅಲ್ಲ. ಒಂದು ಕಾಲಕ್ಕೆ ಊರು ಬಿಟ್ಟು ಹೋಗುವವರ ನಾಡಾಗಿದ್ದ ನಮ್ಮ ಕರಾವಳಿಗೆ ಈಗ ಹೊರಗಿನವರು ಬರುತ್ತಿದ್ದಾರೆ. ಮಲ್ಪೆಯ ಬೋಟುಗಳಲ್ಲಿ ಒಡಿಶಾ, ಜಾರ್ಖಂಡ್ ಹುಡುಗರು. ಕೊಡಗು, ಚಿಕ್ಕಮಗಳೂರಿನ ಕಾಫಿ ತೋಟಗಳಲ್ಲಿ ಅಸ್ಸಾಮಿನ ಕುಟುಂಬಗಳು. ಬೆಂಗಳೂರಿನ ಕಟ್ಟಡಗಳಲ್ಲಿ, ಹೋಟೆಲುಗಳಲ್ಲಿ ಬಂಗಾಳ, ಬಿಹಾರ, ಈಶಾನ್ಯದವರ ಜೊತೆಗೆ ನಮ್ಮದೇ ಕಲಬುರಗಿ, ರಾಯಚೂರಿನವರು. ಇವರನ್ನು ಕರೆತರುವ, ಇವರ ಕೂಲಿಯಲ್ಲಿ ಪಾಲು ಹಿಡಿಯುವ, ಆಧಾರ್ ಕಾರ್ಡ್ ತನ್ನ ಬಳಿ ಇಟ್ಟುಕೊಳ್ಳುವ, ಶೆಡ್ಡಿನ ಬಾಡಿಗೆ ವಸೂಲಿ ಮಾಡುವ ಮೇಸ್ತ್ರಿ ಇವರ ಸೀಮೆಯವನೇ. ಬಹುಪಾಲು ಮೇಸ್ತ್ರಿಗಳು ದುಡಿದು ತಿನ್ನುವವರು. ಆದರೆ ಠಾಣೆಗೂ ಕೂಲಿಯವನಿಗೂ ನಡುವೆ ಅವನೊಬ್ಬನೇ ದುಭಾಷಿಯಾದರೆ, ಅವನ ವಿರುದ್ಧದ ದೂರು ಯಾರಿಗೆ ಹೇಳುವುದು? ಮುಂಬೈಯಲ್ಲಿ ನಮ್ಮವರು ನಿಂತಿದ್ದ ಜಾಗದಲ್ಲಿ ಇಂದು ಇವರು ನಿಂತಿದ್ದಾರೆ. ಸಂಶಯದ ಕಣ್ಣಿನಿಂದ ನೋಡಿ, ಗುರುತುಚೀಟಿ ಕೇಳಿ ಬೀದಿಯಲ್ಲಿ ನಿಲ್ಲಿಸುವವರೂ ಆಗಿನಂತೆಯೇ ಹುಟ್ಟಿಕೊಂಡಿದ್ದಾರೆ.

ಕಾನೂನಿನ ಕೊರತೆಯಿಲ್ಲ. ಕರ್ನಾಟಕಕ್ಕೂ ತನ್ನದೇ ಸಂಘಟಿತ ಅಪರಾಧ ನಿಯಂತ್ರಣ ಕಾಯ್ದೆ (2000) ಇದೆ. 2024ರ ಜುಲೈ 1ರಿಂದ ಜಾರಿಯಾದ ಭಾರತೀಯ ನ್ಯಾಯ ಸಂಹಿತೆಯ 111ನೇ ಕಲಮು ಸಂಘಟಿತ ಅಪರಾಧವನ್ನು ನೇರವಾಗಿ ಹೆಸರಿಸಿದೆ. ಯಾವ ಠಾಣೆಯಲ್ಲಾದರೂ ದೂರು ಕೊಡಬಹುದು, ಮೊಬೈಲಿನಿಂದಲೇ ಕಳಿಸಿ ಮೂರು ದಿನದೊಳಗೆ ಸಹಿ ಹಾಕಬಹುದು ಎಂದು ನಾಗರಿಕ ಸುರಕ್ಷಾ ಸಂಹಿತೆಯ 173ನೇ ಕಲಮು ಹೇಳುತ್ತದೆ. ಸಾಕ್ಷಿ ರಕ್ಷಣೆಯ ಯೋಜನೆಗೆ ಸುಪ್ರೀಂ ಕೋರ್ಟ್ 2018ರಲ್ಲೇ ಒಪ್ಪಿಗೆ ಕೊಟ್ಟಿದೆ. ಇಲ್ಲದಿರುವುದು ಪೆಟ್ರೊಸಿನೊನಂಥ ಕಿವಿ.

ಗೃಹ ಇಲಾಖೆಯಲ್ಲಿ ನನ್ನ ವಿನಂತಿ ಇಷ್ಟೇ. ಮಲ್ಪೆ, ಮಂಗಳೂರು ಬಂದರು, ಬೆಂಗಳೂರಿನ ಹೊರವಲಯ, ಕಾಫಿ ಸೀಮೆಯ ಠಾಣೆಗಳಲ್ಲಿ ಒಡಿಯಾ, ಬಂಗಾಳಿ, ಅಸ್ಸಾಮಿ, ಹಿಂದಿ ಬಲ್ಲ ಒಬ್ಬೊಬ್ಬರನ್ನು ನೇಮಿಸಿ. ಅವರು ಮೇಸ್ತ್ರಿಯ ಪರಿಚಯದವರಾಗಿರಬಾರದು, ಇಲಾಖೆಯ ಸಂಬಳ ಪಡೆಯುವವರಾಗಿರಬೇಕು. ದೂರು ಕೊಟ್ಟವನ ಹೆಸರು ಠಾಣೆಯಿಂದ ಹೊರಬಿದ್ದರೆ ಹೊರಹಾಕಿದವನ ಮೇಲೆ ಕ್ರಮ ಆಗಲಿ. ಊರಿನ ದೇವಸ್ಥಾನ, ಸಂಘ, ಯಕ್ಷಗಾನ ಸಮಿತಿಗಳಲ್ಲಿರುವ ಹಿರಿಯರಲ್ಲಿ ಇನ್ನೊಂದು ವಿನಂತಿ: ಹಣದ ಮೂಲ ಕೇಳದೆ ಯಾರಿಗೂ ಶಾಲು ಹೊದೆಸಬೇಡಿ, ಬ್ಯಾನರ್ ಕಟ್ಟಬೇಡಿ. ಆ ಹಣ ನಿಮ್ಮ ಪಕ್ಕದ ಮನೆಯ ಮಗನಿಂದ ಕಿತ್ತದ್ದಿರಬಹುದು.